ಫೆಲಿಕ್ಸನ ಅಕ್ಕ ಫ್ಯಾನಿ

ಮಕ್ಕಳಿಗೆ ವಿದ್ಯೆಯನ್ನು ಕೊಡದ ತಂದೆತಾಯಿಗಳನ್ನು ಲೋಕವು ನಿಂದಿಸುವುದುಂಟು. ಆದರೆ ವಿದ್ಯೆಯನ್ನು ಸಮೃದ್ಧಿಯಾಗಿ ಕೊಟ್ಟು, ಅದರ ಉಪಯೋಗವನ್ನು ಮಾತ್ರ ನಿಷೇಧಿಸಿದ ತಂದೆತಾಯಿಗಳ ವಿಷಯದಲ್ಲಿ ಏನು ಹೇಳಬೇಕೆಂಬುದು ಅಷ್ಟು ಸುಲಭವಾಗಿ ತೀರ್ಮಾನವಾಗುವ ಮಾತಲ್ಲ. ಜರ್ಮನಿ ದೇಶದ ಸಂಗೀತಚರಿತ್ರೆಯಲ್ಲಿ ಇಂಥದೊಂದು ಮನೆತನದ ವೃತ್ತಾಂತವಿದೆ. ಆ ಮನೆತನವು ಐಶ್ವರ್ಯದಲ್ಲಿಯೂ ವಿದ್ಯೆಯಲ್ಲಿಯೂ ಬರ್ಲಿನ್ ನಗರದ ಅಗ್ರಗಣ್ಯ ಮನೆತನಗಳಲ್ಲೊಂದು. ತಂದೆ ಕ್ರೂರಿಯಲ್ಲ, ತಾಯಿ ಮೂಢಳಲ್ಲ, ತಮ್ಮನು ಮತ್ಸರಿಯಲ್ಲ. ಮನೆಯ ಹಿರಿಯ ಮಗಳನ್ನು ಎಲ್ಲರೂ ಕಣ್ಣಿನಂತೆ ಪ್ರೀತಿಸುತ್ತಿದ್ದವರೇ. ಆದರೂ ಆಕೆಯ ಕೃತಿಸಂಚಯವೊಂದು ಆಕೆಯ ಹೆಸರಿನಲ್ಲಿಯೇ ಅಚ್ಚಾಗಬೇಕಾದರೆ ಆಕೆಗೆ ನಲವತ್ತು ವರ್ಷ ತುಂಬಬೇಕಾಯಿತು. ಅಚ್ಚಾದ ಮರುವರ್ಷವೇ ಆಕೆ ತೀರಿಕೊಂಡಳು. ಆಕೆಯ ಹೆಸರು ಫ್ಯಾನಿ ಮೆಂಡೆಲ್ಸನ್. ಬಹುಕಾಲ ಲೋಕವು ಆಕೆಯನ್ನು ಫೆಲಿಕ್ಸ್ ಮೆಂಡೆಲ್ಸನ್ನನ ಅಕ್ಕನೆಂದು ಮಾತ್ರ ಬಲ್ಲುದಾಗಿದ್ದಿತು.

ಫ್ಯಾನಿಯ ಅಜ್ಜ ಮೋಸೆಸ್ ಮೆಂಡೆಲ್ಸನ್ ಹದಿನೆಂಟನೆಯ ಶತಮಾನದ ಪ್ರಸಿದ್ಧ ತತ್ತ್ವಜ್ಞಾನಿ. ಬಡ ಯೆಹೂದ್ಯರ ಮನೆಯಲ್ಲಿ ಹುಟ್ಟಿ ಸ್ವಪ್ರಯತ್ನದಿಂದ ಜರ್ಮನ್ ಪಂಡಿತಮಂಡಲಿಯಲ್ಲಿ ಮಾನ್ಯತೆ ಪಡೆದವನು. ಆತನ ಮಗ ಆಬ್ರಹಾಮನು ಸಾಹುಕಾರಿಕೆಯನ್ನು ಕೈಗೊಂಡು ಬ್ಯಾಂಕಿನ ಒಡೆಯನಾದನು. ಹಿಂದೆ ತಾನು ದೊಡ್ಡ ತಂದೆಯ ಮಗನೆನಿಸಿಕೊಂಡಿದ್ದು, ಈಗ ದೊಡ್ಡ ಮಗನ ತಂದೆಯೆನಿಸಿಕೊಳ್ಳುತ್ತಿರುವೆನೆಂದು ಈತನು ಮುಪ್ಪಿನಲ್ಲಿ ನಗೆಯಾಡಿದನಂತೆ. ಈತನ ಹೆಂಡತಿ ಲೇಯಾ ಸುಶಿಕ್ಷಿತೆ, ಹಲವು ಭಾಷೆಗಳನ್ನು ಬಲ್ಲವಳು, ಪಿಯಾನೊ ವಾದನದಲ್ಲಿ ನಿಪುಣೆ. ಈ ದಂಪತಿಗಳಿಗೆ 1805ನೆಯ ನವೆಂಬರ್ 14ರಂದು ಹ್ಯಾಂಬರ್ಗ್ ನಗರದಲ್ಲಿ ಫ್ಯಾನಿ ಹುಟ್ಟಿದಳು. ಕೂಸಿನ ಬೆರಳುಗಳನ್ನು ನೋಡಿ, ಇವು ಬಾಖನ ಜಟಿಲವಾದ ಕೃತಿಗಳನ್ನು ನುಡಿಸತಕ್ಕ ಬೆರಳುಗಳೆಂದು ತಾಯಿ ಹೇಳಿದಳೆಂಬುದು ಆಬ್ರಹಾಮನು ತನ್ನ ಅತ್ತೆಗೆ ಬರೆದ ಪತ್ರದಿಂದ ತಿಳಿದುಬರುತ್ತದೆ. 1809ರಲ್ಲಿ ಫೆಲಿಕ್ಸನೂ, 1811ರಲ್ಲಿ ರೆಬೆಕ್ಕಾ ಎಂಬವಳೂ ಹುಟ್ಟಿದರು. ಆ 1811ರಲ್ಲಿಯೇ, ಫ್ರೆಂಚರ ಹಿಡಿತದಲ್ಲಿದ್ದ ಹ್ಯಾಂಬರ್ಗನ್ನು ಬಿಟ್ಟು ಕುಟುಂಬವು ಬರ್ಲಿನ್ನಿಗೆ ಬಂದು ನೆಲೆಸಿತು. ಕೊನೆಯವನಾದ ಪೌಲನು ಅಲ್ಲಿ ಹುಟ್ಟಿದನು.

ಈ ಮನೆಯ ಶಿಸ್ತು ಬಹು ಬಿಗಿಯಾದುದು. ಭಾನುವಾರವೊಂದನ್ನುಳಿದು ಮಿಕ್ಕ ದಿನಗಳಲ್ಲಿ ಮಕ್ಕಳು ಬೆಳಗಿನ ಐದು ಗಂಟೆಗೆ ಎದ್ದು ಪಾಠಕ್ಕೆ ಕುಳಿತುಕೊಳ್ಳಬೇಕು. ಭಾಷೆ, ಗಣಿತ, ಚಿತ್ರಲೇಖನ, ಸಂಗೀತ, ಹೀಗೆ ಒಂದರ ಮೇಲೊಂದು ಪಾಠ. ಗಂಡು ಹೆಣ್ಣೆಂಬ ಭೇದವು ಈ ಪಾಠಗಳಲ್ಲಿ ಹೆಚ್ಚಾಗಿ ಕಾಣುತ್ತಿರಲಿಲ್ಲ. ಸಂಗೀತದ ಮೊದಲ ಪಾಠವನ್ನು ತಾಯಿಯೇ ಹೇಳಿದಳು. 1816ರಲ್ಲಿ ಪ್ಯಾರಿಸ್ಸಿಗೆ ಹೋಗಿದ್ದಾಗ ಮರೀ ಬಿಗೋ ಎಂಬ ಪ್ರಸಿದ್ಧ ವಾದಕಿ ಅಕ್ಕತಮ್ಮಂದಿರಿಬ್ಬರಿಗೂ ಕಲಿಸಿದಳು. ಬರ್ಲಿನ್ನಿನಲ್ಲಿ ಲುಡ್ವಿಗ್ ಬೆರ್ಗರನು ಪಿಯಾನೊ ಪಾಠಕ್ಕೂ, ಕವಿ ಗಯಟೆಯ ಆಪ್ತನಾದ ಕಾರ್ಲ್ ತ್ಸೆಲ್ಟರನು ಸಂಗೀತಶಾಸ್ತ್ರದ ಪಾಠಕ್ಕೂ ಗುರುಗಳಾದರು. ಒಂದೇ ಕೋಣೆ, ಅವರೇ ಗುರುಗಳು, ಅದೇ ಪಾಠ.

ಹದಿಮೂರನೆಯ ವಯಸ್ಸಿನಲ್ಲಿ ಫ್ಯಾನಿ ತನ್ನ ತಂದೆಗೆ ಒಂದು ಕಾಣಿಕೆಯನ್ನು ಸಿದ್ಧಪಡಿಸಿದಳು. ಬಾಖನು ಹನ್ನೆರಡು ಸ್ವರಸ್ಥಾನಗಳಲ್ಲಿ ಒಂದೊಂದನ್ನೂ ಆಧಾರವಾಗಿಟ್ಟುಕೊಂಡು ಎರಡೆರಡು ಮೇಳಗಳಲ್ಲಿ ರಚಿಸಿದ ಪ್ರೆಲ್ಯೂಡ್ ಎಂಬ ಕೃತಿಗಳು ಇಪ್ಪತ್ತನಾಲ್ಕುಂಟು. ಒಂದೊಂದರ ಗತಿಯೂ ಬೇರೆ, ಬೆರಳುಗಳ ವಿನ್ಯಾಸವೂ ಬೇರೆ. ಈ ಇಪ್ಪತ್ತನಾಲ್ಕನ್ನೂ ಆ ಬಾಲೆ ಪುಸ್ತಕವಿಲ್ಲದೆ, ಬಾಯಿಪಾಠವಾಗಿ ನುಡಿಸಿದಳು. ಮುಂದಿನ ವರ್ಷ, ಎಂದರೆ 1819ನೆಯ ಡಿಸೆಂಬರಿನಲ್ಲಿ, ತಂದೆಯ ಹುಟ್ಟುಹಬ್ಬಕ್ಕೆ ತಾನೇ ರಚಿಸಿದ ಹಾಡೊಂದನ್ನು ಒಪ್ಪಿಸಿದಳು. ಆಕೆಯ ಮೊದಲ ಸ್ವರರಚನೆಯೆಂದು ಗೊತ್ತಾಗಿರುವುದು ಇದೇ. ಕಾಣಿಕೆಗಳೆರಡೂ ತಂದೆಗೇ ಸಂದುವೆಂಬುದನ್ನು ವಾಚಕರು ಗಮನಿಸಬೇಕು.

ತಂದೆಯ ಉತ್ತರವು 1820ನೆಯ ಜುಲೈ ತಿಂಗಳಲ್ಲಿ ಪ್ಯಾರಿಸ್ಸಿನಿಂದ ಬಂದಿತು. ಆಗ ಫ್ಯಾನಿಗೆ ಹದಿನಾಲ್ಕು ವರ್ಷ, ಫೆಲಿಕ್ಸನಿಗೆ ಹನ್ನೊಂದು. ಸಂಗೀತವು ಫೆಲಿಕ್ಸನಿಗೆ ಪ್ರಾಯಶಃ ವೃತ್ತಿಯಾಗಬಹುದು. ಫ್ಯಾನಿಗಾದರೋ ಅದು ಆಭರಣವಾಗಿರಬಹುದಲ್ಲದೆ ಬಾಳಿನ ಆಧಾರವಾಗತಕ್ಕುದಲ್ಲ. ತಮ್ಮನಿಗೆ ಸಲ್ಲುವ ಪ್ರಶಂಸೆಯಲ್ಲಿ ತಾನೂ ಸಂತೋಷಪಡುವುದೇ ಆಕೆಗೆ ಶೋಭೆ ಎಂಬುದು ಆ ಪತ್ರದ ತಾತ್ಪರ್ಯ. ಮಾತಿನಲ್ಲಿ ಕಟುತ್ವವಿಲ್ಲ, ವಾತ್ಸಲ್ಯವೇ ಇದೆ. ಗದರಿಸಿದ್ದರೆ ಮಗಳು ಎದುರಾಡುತ್ತಿದ್ದಳೋ ಏನೋ. ಪ್ರೀತಿಯಿಂದ ಎಳೆದ ಗೆರೆಯನ್ನು ದಾಟುವುದು ಕಷ್ಟ.

ಆಬ್ರಹಾಮನು ಹೀಗೇಕೆ ಬರೆದನೆಂಬುದನ್ನು ವಿಚಾರಿಸದೆ ಆತನನ್ನು ಹಳಿಯುವುದು ನ್ಯಾಯವಲ್ಲ. ಆತನು 1816ರಲ್ಲಿ ಮಕ್ಕಳಿಗೂ, 1822ರಲ್ಲಿ ತಾನು ಹೆಂಡತಿಯೊಡನೆಯೂ ಕ್ರೈಸ್ತದೀಕ್ಷೆಯನ್ನು ಪಡೆದು, ಬಾರ್ತೋಲ್ಡಿ ಎಂಬ ಹೊಸ ಅಡ್ಡಹೆಸರನ್ನು ಸೇರಿಸಿಕೊಂಡವನು. 1819ರಲ್ಲಿ ಜರ್ಮನಿಯ ಅನೇಕ ಪಟ್ಟಣಗಳಲ್ಲಿ ಯೆಹೂದ್ಯರ ಮೇಲೆ ದೊಂಬಿಗಳು ನಡೆದಿದ್ದುವು. ಸಮಾಜದಲ್ಲಿ ಹೊಸದಾಗಿ ಪಡೆದ ಸ್ಥಾನವನ್ನು ಉಳಿಸಿಕೊಳ್ಳಬೇಕಾದ ಕುಟುಂಬವು, ಹಳಬರಿಗಿಂತಲೂ ಹೆಚ್ಚು ಎಚ್ಚರಿಕೆಯಿಂದ ಅಲ್ಲಿನ ಮರ್ಯಾದೆಗಳನ್ನು ಪಾಲಿಸುವುದು ಸಹಜ. ಆ ಕಾಲದಲ್ಲಿ ಹಣ ತೆಗೆದುಕೊಂಡು ಸಭೆಯಲ್ಲಿ ನುಡಿಸುವ ಹೆಂಗಸರು ಇರಲಿಲ್ಲವೆಂದಲ್ಲ. ಕ್ಲಾರಾ ವೀಕ್ ಎಂಬ ಬಾಲಿಕೆ 1828ನೆಯ ಅಕ್ಟೋಬರಿನಲ್ಲಿ, ಒಂಬತ್ತನೆಯ ವಯಸ್ಸಿನಲ್ಲಿ, ಲೈಪ್ಸಿಗ್ ನಗರದ ಪ್ರಸಿದ್ಧ ಸಭಾಭವನದಲ್ಲಿ ನುಡಿಸಿದಳು. ಆಕೆಯನ್ನು ವೇದಿಕೆಗೆ ಹತ್ತಿಸಿದವನು ಆಕೆಯ ತಂದೆಯೇ. ಆದರೆ ಆತನು ಪಿಯಾನೊ ಪಾಠ ಹೇಳಿ ಜೀವಿಸುವ ವೃತ್ತಿಗಾರ; ಮಗಳ ಕೀರ್ತಿ ಆತನ ಕಸುಬಿಗೆ ಸಲ್ಲುವಂಥದು. ಸಾಹುಕಾರನ ಮಗಳು ಸಂಭಾವನೆಗೆ ಕೈಯೊಡ್ಡುವುದು ಕುಲಕ್ಕೇ ಕುಂದೆಂಬ ಭಾವನೆ ಆಬ್ರಹಾಮನ ವರ್ಗದವರದು. ಬಡತನವು ಕ್ಲಾರಾಳಿಗೆ ತೆರೆದ ಬಾಗಿಲನ್ನು ಐಶ್ವರ್ಯವು ಫ್ಯಾನಿಗೆ ಮುಚ್ಚಿತು.

ಇತ್ತ ಫೆಲಿಕ್ಸನ ಏಳಿಗೆ ಬೆಳಕು ಹರಿದಂತೆ ಸಾಗಿತು. 1821ರಲ್ಲಿ ತ್ಸೆಲ್ಟರನು ಆತನನ್ನು ವೈಮಾರಿಗೆ ಕರೆದುಕೊಂಡು ಹೋಗಿ ವೃದ್ಧಕವಿ ಗಯಟೆಯ ಸಮ್ಮುಖದಲ್ಲಿ ನುಡಿಸಿದನು. ಹದಿನಾರನೆಯ ವಯಸ್ಸಿನಲ್ಲಿ ಎಂಟು ತಂತೀವಾದ್ಯಗಳ ಕೃತಿಯನ್ನೂ, ಹದಿನೇಳರಲ್ಲಿ ಷೇಕ್ಸ್‌ಪಿಯರನ ‘ನಡುಬೇಸಗೆಯ ಇರುಳ ಕನಸು’ ನಾಟಕಕ್ಕೆ ಪೂರ್ವರಂಗವನ್ನೂ ರಚಿಸಿ ಆತನು ಯೂರೋಪಿನ ಕಣ್ಣಿಗೆ ಬಿದ್ದನು. ಫ್ಯಾನಿ ಮನೆಯಲ್ಲಿ ಉಳಿದಳು. ಆದರೆ ಆ ಕೃತಿಗಳಿಗೆ ಹೊರಗಿನವಳಾಗಿ ಉಳಿಯಲಿಲ್ಲ. ಯಾವ ಕಲ್ಪನೆಯನ್ನೂ ತನ್ನ ವಿಮರ್ಶೆಗೆ ಒಪ್ಪಿಸದೆ ಆತನು ಕಾಗದದ ಮೇಲೆ ಇಳಿಸುತ್ತಿರಲಿಲ್ಲವೆಂದು ಆಕೆ ಬರೆದಿಟ್ಟಿದ್ದಾಳೆ. ಎಂಟು ವಾದ್ಯಗಳ ಕೃತಿಯ ಚುರುಕಾದ ಭಾಗದ ಹಿಂದೆ ಗಯಟೆಯ ‘ಫೌಸ್ಟ್’ ಕಾವ್ಯದ ಒಂದು ದೃಶ್ಯವಿರುವುದು ಲೋಕಕ್ಕೆ ತಿಳಿದದ್ದು ಫ್ಯಾನಿಯ ಮೂಲಕವೇ; ಏಕೆಂದರೆ ಫೆಲಿಕ್ಸನು ಅದನ್ನು ಆಕೆಯೊಬ್ಬಳಿಗೇ ಹೇಳಿದ್ದನು. ವಿದ್ಯಾಧಿದೇವತೆಯಾದ ಮಿನರ್ವಳ ಹೆಸರಿನಿಂದ ಆತನು ಅಕ್ಕನನ್ನು ಕರೆಯುತ್ತಿದ್ದುದೂ ಉಂಟು.

ಆಕೆಯೂ ಎಡೆಬಿಡದೆ ರಚಿಸುತ್ತಿದ್ದಳು. 1827ರಲ್ಲಿ ಫೆಲಿಕ್ಸನ ಹನ್ನೆರಡು ಹಾಡುಗಳ ಸಂಪುಟವೊಂದೂ, 1830ರಲ್ಲಿ ಇನ್ನೊಂದೂ ಅಚ್ಚಾದುವು. ಒಂದೊಂದರಲ್ಲಿಯೂ ಮೂರು ಮೂರು ಹಾಡುಗಳು ಫ್ಯಾನಿಯವು. ಮುಖಪತ್ರದಲ್ಲಿ ಇದ್ದುದು ತಮ್ಮನ ಹೆಸರೊಂದೇ. ಮನೆಯವರಾರೂ ಇದನ್ನು ಕಳವೆಂದು ಭಾವಿಸಲಿಲ್ಲ. ಮಗಳ ಹೆಸರನ್ನು ಬೀದಿಗೆ ತರದೆ ಮಗಳ ಹಾಡನ್ನು ಲೋಕಕ್ಕೆ ಮುಟ್ಟಿಸುವ ಉಪಾಯವೆಂದೇ ಭಾವಿಸಿದ್ದಿರಬೇಕು. ಈ ಉಪಾಯದ ಸ್ವಾರಸ್ಯವು 1842ರಲ್ಲಿ ಬಯಲಿಗೆ ಬಿದ್ದಿತು. ಆ ವರ್ಷ ಲಂಡನ್ನಿನ ಅರಮನೆಯಲ್ಲಿ ವಿಕ್ಟೋರಿಯಾ ರಾಣಿಯು ಫೆಲಿಕ್ಸನ ಎದುರಿಗೆ ಆತನ ಸಂಪುಟದಿಂದಲೇ ಒಂದು ಹಾಡನ್ನು ಆರಿಸಿ ಹಾಡಿದಳು. ಅದು ಇಟಲಿಯನ್ನು ಕುರಿತ ಹಾಡು. ಹಾಡಿ ಮುಗಿಸಿದ ಬಳಿಕ, ಅದು ತನ್ನದಲ್ಲ, ತನ್ನ ಅಕ್ಕನದೆಂದು ಆತನು ಒಪ್ಪಿಕೊಳ್ಳಬೇಕಾಯಿತು. ಒಪ್ಪಿಕೊಳ್ಳುವುದು ತನಗೆ ಬಹು ಕಷ್ಟವಾಯಿತೆಂದು ಆತನೇ ತಾಯಿಗೆ ಬರೆದನು.

ಕ್ಲಾರಾ ವೀಕಳು ಸಭೆಯಲ್ಲಿ ನುಡಿಸಿದ ಮರುತಿಂಗಳೇ, ಎಂದರೆ 1828ನೆಯ ನವೆಂಬರಿನಲ್ಲಿ, ಫ್ಯಾನಿಗೆ ಇಪ್ಪತ್ತಮೂರು ತುಂಬಿತು. ಹುಟ್ಟುಹಬ್ಬದ ಪತ್ರದಲ್ಲಿ ಆಬ್ರಹಾಮನು ಮತ್ತೊಮ್ಮೆ ಎಚ್ಚರಿಸಿದನು: ಮನಸ್ಸನ್ನು ಇನ್ನೂ ಏಕಾಗ್ರಗೊಳಿಸಿಕೊಂಡು ತನ್ನ ನಿಜವಾದ ಕರ್ತವ್ಯಕ್ಕೆ, ತರುಣಿಯೊಬ್ಬಳಿಗೆ ಇರುವ ಏಕೈಕ ಕರ್ತವ್ಯಕ್ಕೆ, ಎಂದರೆ ಗೃಹಿಣೀಪದಕ್ಕೆ, ಆಕೆ ಸಿದ್ಧಳಾಗಬೇಕೆಂಬುದು ಅದರ ಸಾರ. ಆ ಸಿದ್ಧತೆಯ ವಿಷಯದಲ್ಲಿಯೂ ಮನೆಯ ಕಟ್ಟು ಸಡಿಲವಾಗಿರಲಿಲ್ಲ. ವಿಲ್ಹೆಲ್ಮ್ ಹೆನ್ಸೆಲ್ ಎಂಬ ಚಿತ್ರಕಾರನು ಆಕೆಯನ್ನು ವರಿಸಲು ಬಯಸಿ, 1823ರಲ್ಲಿ ಕಲಾಭ್ಯಾಸಕ್ಕಾಗಿ ರೋಮಿಗೆ ಹೊರಟಾಗ, ಮಗಳೊಡನೆ ಪತ್ರವ್ಯವಹಾರ ಕೂಡದೆಂದು ಲೇಯಾ ಕಟ್ಟಪ್ಪಣೆ ಮಾಡಿದಳು. ಐದು ವರ್ಷ ಆತನು ತಾಯಿಗೇ ಪತ್ರ ಬರೆದು, ಚಿತ್ರಗಳನ್ನು ಕಳುಹಿಸುತ್ತ ಕಾದನು. 1828ರಲ್ಲಿ ಹಿಂತಿರುಗಿದನು, 1829ನೆಯ ಅಕ್ಟೋಬರ್ 3ರಂದು ವಿವಾಹವಾಯಿತು. ಮದುವೆಗೆ ಬೇಕಾದ ಆರ್ಗನ್ ಸಂಗೀತವನ್ನು ರಚಿಸಿ ಕಳುಹಿಸಬೇಕಾಗಿದ್ದ ಫೆಲಿಕ್ಸನು ಲಂಡನ್ನಿನಲ್ಲಿ ಗಾಡಿಯ ಅಪಘಾತದಿಂದ ಕಾಲಿಗೆ ಪೆಟ್ಟಾಗಿ ಮಲಗಿದ್ದನು. ಆ ಸಂಗೀತವು ಬಾರದಿರಲು, ಮದುವೆಯ ಹಿಂದಿನ ರಾತ್ರಿ ವಧುವೇ ಕುಳಿತು ತನ್ನ ಮದುವೆಯ ಸಂಗೀತವನ್ನು ಬರೆದು ಮುಗಿಸಿದಳು.

ಹೆನ್ಸೆಲನಿಗೆ ಸಂಗೀತಜ್ಞಾನವು ಅಷ್ಟಾಗಿ ಇರಲಿಲ್ಲ, ಹೃದಯವಿದ್ದಿತು. ತಂದೆಯೂ ತಮ್ಮನೂ ಬೇಡವೆಂದುದನ್ನು ಈತನು ಬೇಕೆಂದನು. ಹೆಂಡತಿಯನ್ನು ಸ್ವರರಚನೆಗೆ ಪ್ರೋತ್ಸಾಹಿಸಿ, ಆಕೆಯ ಹಸ್ತಪ್ರತಿಗಳ ಅಂಚಿನಲ್ಲಿ ಚಿತ್ರಗಳನ್ನು ಬರೆದನು; ಪ್ರಕಟಿಸಬೇಕೆಂದು ಒತ್ತಾಯಪಡಿಸಿದನು. ಗಂಡನ ಮನೆಯೆಂದರೆ ತವರಿನ ಹಿತ್ತಿಲೇ. ಲೈಪ್ಸಿಗ್ ಬೀದಿಯ ಮೂರನೆಯ ನಂಬರಿನ ಆ ದೊಡ್ಡ ಮನೆಯನ್ನು ಆಬ್ರಹಾಮನು 1825ರಲ್ಲಿ ಕೊಂಡಿದ್ದನು. ಅದರ ತೋಟದ ಮನೆಯಲ್ಲಿ ದಂಪತಿಗಳು ಸಂಸಾರ ಹೂಡಿದರು. 1830ರಲ್ಲಿ ಹುಟ್ಟಿದ ಮಗನಿಗೆ ಫ್ಯಾನಿ ಸೆಬಾಸ್ಟಿಯನ್ ಲುಡ್ವಿಗ್ ಫೆಲಿಕ್ಸ್ ಎಂದು ಹೆಸರಿಟ್ಟಳು. ಮೊದಲನೆಯದು ಬಾಖನ ಹೆಸರು, ಎರಡನೆಯದು ಬೇಟ್‌ಹೋವನನದು, ಮೂರನೆಯದು ತಮ್ಮನದು. ಮೂರು ಹೆಸರುಗಳಲ್ಲಿ ಆಕೆಯ ಭಕ್ತಿಯೆಲ್ಲವೂ ಅಡಗಿದೆ.

1831ರಿಂದ ಆ ತೋಟದ ಸಭಾಂಗಣದಲ್ಲಿ ಭಾನುವಾರದ ಸಂಗೀತಗೋಷ್ಠಿಗಳನ್ನು ಫ್ಯಾನಿ ನಡೆಸತೊಡಗಿದಳು. ಕೃತಿಗಳನ್ನು ಆರಿಸುವವಳು, ಗಾಯಕರಿಗೆ ಅಭ್ಯಾಸ ಮಾಡಿಸುವವಳು, ಪಿಯಾನೊ ನುಡಿಸುವವಳು, ಮೇಳವನ್ನು ನಡೆಸುವವಳು ಆಕೆಯೇ. ಬರ್ಲಿನ್ನಿನ ರಸಿಕರೂ, ಊರಿಗೆ ಬಂದ ಸಂಗೀತಗಾರರೂ ಅಲ್ಲಿ ನೆರೆಯುತ್ತಿದ್ದರು. ಸಭೆಗೆ ಹೋಗಬಾರದೆಂದು ಮನೆಯವರು ವಿಧಿಸಿದ್ದರಿಂದ ಆಕೆ ಸಭೆಯನ್ನೇ ಮನೆಗೆ ತಂದಳು. ವಾದ್ಯವೃಂದಕ್ಕೆ ಒಂದು ಪೂರ್ವರಂಗ, ದೊಡ್ಡ ಗಾಯನಕೃತಿಗಳು, ತಂತೀವಾದ್ಯಗಳ ಚತುಷ್ಕ ಇವೆಲ್ಲವೂ ಈ ಕಾಲದ ಫಲಗಳು. ಆದರೂ ಗೋಡೆಯೊಳಗಿನ ಪ್ರಶಂಸೆಗೆ ಒಂದು ಮಿತಿಯುಂಟು. 1836ರಲ್ಲಿ ಆಕೆ ಕುಟುಂಬದ ಸ್ನೇಹಿತನಾದ ಕ್ಲಿಂಗೆಮನ್ನನಿಗೆ ಬರೆದ ಪತ್ರದಲ್ಲಿ, ತನ್ನ ಹಾಡುಗಳನ್ನು ಕೇಳುವವರೂ ಬೇಕೆನ್ನುವವರೂ ಇಲ್ಲದಿರುವಾಗ, ಅವುಗಳಲ್ಲಿನ ಸಂತೋಷ ಮಾತ್ರವಲ್ಲದೆ ಅವುಗಳ ಗುಣದೋಷಗಳ ತಿಳಿವಳಿಕೆಯೂ ಕ್ರಮೇಣ ಕುಂದುವುದೆಂದು ತೋಡಿಕೊಂಡಿದ್ದಾಳೆ. ಕಲಾವಿದನಿಗೆ ಲೋಕವು ಬೇಕಾಗುವುದು ಕೀರ್ತಿಗಾಗಿ ಮಾತ್ರವಲ್ಲ, ತನ್ನನ್ನು ತಾನು ಅಳೆದುಕೊಳ್ಳುವುದಕ್ಕಾಗಿಯೂ ಎಂಬ ಸತ್ಯವನ್ನು ಇದಕ್ಕಿಂತ ಸರಳವಾಗಿ ಹೇಳುವುದು ಸಾಧ್ಯವಿಲ್ಲ.

ಆಬ್ರಹಾಮನು 1835ರಲ್ಲಿ ತೀರಿಕೊಂಡಿದ್ದನು. ನಿಷೇಧವು ಆತನೊಡನೆ ಮಣ್ಣಾಗಲಿಲ್ಲ. ತಮ್ಮನಿಗೆ ಪಿತ್ರಾರ್ಜಿತವಾಗಿ ಬಂದಿತು. 1837ರಲ್ಲಿ ಫ್ಯಾನಿಯ ಹಾಡೊಂದು ಒಂದು ಸಂಕಲನದಲ್ಲಿ ಆಕೆಯ ಹೆಸರಿನಿಂದಲೇ ಹೊರಬಿದ್ದಿತು. ಈಗ ಲೇಯಾಳೇ ಮನಸ್ಸು ಬದಲಿಸಿ, ಅಕ್ಕನನ್ನು ಪ್ರಕಟಣೆಗೆ ಪ್ರೋತ್ಸಾಹಿಸೆಂದು ಮಗನಿಗೆ ಬರೆದಳು. ಫೆಲಿಕ್ಸನು ಒಪ್ಪಲಿಲ್ಲ. ಗ್ರಂಥಕರ್ತೃತ್ವವೆಂದರೆ ಒಂದರ ಹಿಂದೊಂದು ಕೃತಿಯನ್ನು ಹೊರತರುತ್ತ ಬಾಳಬೇಕಾದ ವೃತ್ತಿ. ಅಕ್ಕನಿಗೆ ಅದರಲ್ಲಿ ಇಚ್ಛೆಯೂ ಇಲ್ಲ, ಅದು ಆಕೆಗೆ ತಕ್ಕುದೂ ಅಲ್ಲ. ಆಕೆ ಮನೆಯನ್ನು ನೋಡಿಕೊಳ್ಳುವ ಸದ್ಗೃಹಿಣಿ. ತಾನಾಗಿಯೇ ನಿಶ್ಚಯಿಸಿದರೆ ಸಹಾಯ ಮಾಡುವೆನು, ಆದರೆ ಸರಿಯಲ್ಲವೆಂದು ತೋರಿದುದಕ್ಕೆ ತಾನು ಪ್ರೇರಿಸಲಾರೆನು ಎಂಬುದು ಆತನ ಉತ್ತರ. ತನ್ನ ಕೃತಿಗಳನ್ನು ಆಕೆಯ ತೀರ್ಪಿಗೆ ಒಪ್ಪಿಸದೆ ಮುಂದಡಿಯಿಡದಿದ್ದವನು ಆಕೆಯ ಕೃತಿಗಳ ಬಗೆಗೆ ಹೀಗೆ ತೀರ್ಪಿತ್ತನು. ಇದು ಮತ್ಸರವೆಂದು ತೋರಿಸುವ ಆಧಾರವಿಲ್ಲ. ತಂದೆಯ ಮಾತನ್ನು ಮಗನು ಚಿಕ್ಕಂದಿನಿಂದ ಕೇಳಿ ಕೇಳಿ ಅದನ್ನು ಪ್ರಕೃತಿನಿಯಮವೆಂದೇ ನಂಬಿದ್ದನು. ದುಷ್ಟರ ತಡೆಗಿಂತ ಸಜ್ಜನರ ನಂಬಿಕೆ ಎಷ್ಟೋ ವೇಳೆ ಹೆಚ್ಚು ಬಲವಾದುದು.

1838ರಲ್ಲಿ ಧರ್ಮಾರ್ಥವಾದ ಸಭೆಯೊಂದರಲ್ಲಿ ಫ್ಯಾನಿ ಮೊದಲ ಬಾರಿಗೆ ಸಾರ್ವಜನಿಕವಾಗಿ ಪಿಯಾನೊ ನುಡಿಸಿದಳು. ನುಡಿಸಿದುದು ಫೆಲಿಕ್ಸನ ಕೃತಿ. 1839ರಲ್ಲಿ ಗಂಡನೊಡನೆಯೂ ಮಗನೊಡನೆಯೂ ಇಟಲಿಗೆ ಪ್ರಯಾಣ ಮಾಡಿದಳು. ರೋಮಿನಲ್ಲಿ ಗೂನೋ ಮೊದಲಾದ ಫ್ರೆಂಚ್ ತರುಣ ಕಲಾವಿದರು ಆಕೆಯ ಬಾಯಿಪಾಠದ ವಾದನವನ್ನು ಮತ್ತೆ ಮತ್ತೆ ಬೇಡಿ ಕೇಳಿದರು. ಬಾಖ್, ಬೇಟ್‌ಹೋವನರ ಎಷ್ಟೋ ಕೃತಿಗಳು ಗೂನೋವಿಗೆ ಪರಿಚಯವಾದುದು ಆಕೆಯಿಂದ. ಮನೆಯವರಲ್ಲದವರ ಈ ಮೆಚ್ಚಿಕೆ ಆಕೆಗೆ ಹೊಸ ಚೈತನ್ಯವನ್ನಿತ್ತಿತು. ಹಿಂತಿರುಗಿದ ಮೇಲೆ 1841ರಲ್ಲಿ ಹನ್ನೆರಡು ತಿಂಗಳುಗಳಿಗೆ ಹನ್ನೆರಡು ಕೃತಿಗಳೆಂದು ‘ವರ್ಷ’ವೆಂಬ ಪಿಯಾನೊ ಮಾಲೆಯನ್ನು ರಚಿಸಿ, ಬಣ್ಣ ಬಣ್ಣದ ಕಾಗದಗಳ ಮೇಲೆ ಬರೆದಳು. ಪ್ರತಿಯೊಂದಕ್ಕೂ ಹೆನ್ಸೆಲನ ಚಿತ್ರವುಂಟು. ಅದು ಅಚ್ಚಾದುದು 1989ರಲ್ಲಿ.

ಕೊನೆಗೆ 1846ರಲ್ಲಿ ಬರ್ಲಿನ್ನಿನ ಇಬ್ಬರು ಪ್ರಕಾಶಕರು ತಾವಾಗಿಯೇ ಮುಂದೆ ಬಂದು ಆಕೆಯ ಕೃತಿಗಳನ್ನು ಕೇಳಿದರು. ಆಕೆ ಒಪ್ಪಿದಳು. ಆ ಜುಲೈ 9ರಂದು ಫೆಲಿಕ್ಸನಿಗೆ ಬರೆದ ಪತ್ರವು ಆಕೆಯ ಜೀವಿತದ ಕೀಲಿಕೈಯೆನ್ನಬಹುದು. ಹದಿನಾಲ್ಕನೆಯ ವಯಸ್ಸಿನಲ್ಲಿ ತಂದೆಗೆ ಹೆದರಿದಂತೆ ನಲವತ್ತನೆಯ ವಯಸ್ಸಿನಲ್ಲಿ ತಮ್ಮಂದಿರಿಗೆ ಹೆದರುತ್ತಿರುವೆನೆಂದು ಅದರಲ್ಲಿ ಬರೆದು, ಒಡನೆಯೇ ತಿದ್ದಿಕೊಂಡು, ಹೆದರಿಕೆಯೆಂಬುದು ಸರಿಯಾದ ಮಾತಲ್ಲ, ತಾನು ಪ್ರೀತಿಸುವವರೆಲ್ಲರನ್ನೂ ಬಾಳೆಲ್ಲ ಮೆಚ್ಚಿಸಬೇಕೆಂಬ ಆಸೆಯೆಂದಳು. 1820ರ ಆ ಪತ್ರವು ಬಂದಾಗ ಆಕೆಯ ವಯಸ್ಸು ಹದಿನಾಲ್ಕೇ. ಇಪ್ಪತ್ತಾರು ವರ್ಷಗಳಲ್ಲಿ ಆಕೆ ಅದನ್ನು ಮರೆತಿರಲಿಲ್ಲ. ಆದರೆ ಈ ಸಲ ಆಕೆ ಅಪ್ಪಣೆ ಕೇಳಲಿಲ್ಲ, ನಿಶ್ಚಯವನ್ನು ತಿಳಿಸಿದಳು. ಉತ್ತರವು ಒಂದು ತಿಂಗಳು ತಡೆದು ಬಂದಿತು. ಆಗಸ್ಟ್ 12ರ ಪತ್ರದಲ್ಲಿ ಫೆಲಿಕ್ಸನು, ತಾವೂ ಒಬ್ಬ ವೃತ್ತಿಬಂಧುವೆಂಬಂತೆ, ಆಕೆಗೆ ಶುಭವನ್ನು ಕೋರಿ ಹರಸಿದನು. ಮನಸ್ಸಿನೊಳಗೆ ಆತನಿಗೆ ಇದು ಪೂರ್ತಿಯಾಗಿ ಸಮ್ಮತವಲ್ಲದಿದ್ದರೂ ಒಳ್ಳೆಯ ಮಾತನ್ನಾಡಿದನಲ್ಲಾ ಎಂದು ಆಕೆ ದಿನಚರಿಯಲ್ಲಿ ಸಂತೋಷಪಟ್ಟಳು. ಆರು ಹಾಡುಗಳ ಸಂಪುಟವು ಒಂದನೆಯ ಕೃತಿಯೆಂಬ ಸಂಖ್ಯೆಯೊಡನೆ, ಫ್ಯಾನಿ ಹೆನ್ಸೆಲ್ ಎಂಬ ಹೆಸರಿನಿಂದ ಅಚ್ಚಾಯಿತು. ಅದರ ಹಿಂದೆಯೇ ಇನ್ನೂ ಕೆಲವು ಹೊರಬಿದ್ದುವು.

1847ನೆಯ ಏಪ್ರಿಲಿನಲ್ಲಿ ತಂಗಿ ರೆಬೆಕ್ಕಾಳ ಹುಟ್ಟುಹಬ್ಬಕ್ಕೆ ಪಿಯಾನೊ, ಪಿಟೀಲು, ಚೆಲ್ಲೊಗಳ ತ್ರಯವಾದ್ಯಕೃತಿಯನ್ನು ನುಡಿಸಿದಳು. ಮೇ 13ರಂದು ಒಂದು ಹಾಡನ್ನು ರಚಿಸಿದಳು. ಮರುದಿನ, ಬರುವ ಭಾನುವಾರದ ಗೋಷ್ಠಿಗಾಗಿ ಫೆಲಿಕ್ಸನ ಒಂದು ದೊಡ್ಡ ಕೃತಿಯನ್ನು ಗಾಯಕರಿಗೆ ಅಭ್ಯಾಸ ಮಾಡಿಸುತ್ತ ಪಿಯಾನೊದ ಮುಂದೆ ಕುಳಿತಿದ್ದಾಗ, ಹುಟ್ಟಿದಂದು ತಾಯಿ ಮೆಚ್ಚಿದ ಆ ಬೆರಳುಗಳು ಜೋಮು ಹಿಡಿದುವು. ಅದೇ ರಾತ್ರಿ ಪ್ರಾಣವು ಹೋಯಿತು. ಆಗ ಆಕೆಗೆ ನಲವತ್ತೊಂದು ವರ್ಷ. ಸುದ್ದಿಯನ್ನು ಕೇಳಿದ ಫೆಲಿಕ್ಸನು ಚೀರಿ ಕೆಳಗೆ ಬಿದ್ದನಂತೆ. ಆ ಬೇಸಗೆಯಲ್ಲಿ ಸ್ವಿಟ್ಸರ್ಲೆಂಡಿನಲ್ಲಿ ತಂತೀವಾದ್ಯಗಳ ಒಂದು ಚತುಷ್ಕವನ್ನು ರಚಿಸಿದನು. ದುಃಖದ ಆ ಕೃತಿಯೇ ಆತನ ಕಡೆಯ ದೊಡ್ಡ ರಚನೆ. ನವೆಂಬರ್ 4ರಂದು ಆತನೂ ಅಕ್ಕನನ್ನು ಹಿಂಬಾಲಿಸಿದನು. ಬರ್ಲಿನ್ನಿನ ಸ್ಮಶಾನದಲ್ಲಿ ಇಬ್ಬರ ಸಮಾಧಿಗಳೂ ಅಕ್ಕಪಕ್ಕದಲ್ಲಿವೆ. ಲೈಪ್ಸಿಗ್ ಬೀದಿಯ ಆ ಮನೆ ಈಗ ಇಲ್ಲ. ಅದರ ನೆಲದ ಮೇಲೆ ಜರ್ಮನಿಯ ರಾಜ್ಯಪರಿಷತ್ತಿನ ಭವನವು ನಿಂತಿದೆ.

ಆಕೆಯ ರಚನೆಗಳು ನಾನೂರಕ್ಕೂ ಮೇಲ್ಪಟ್ಟಿವೆ. ಅವುಗಳಲ್ಲಿ ಬಹುಭಾಗವು ಬಹುಕಾಲ ಹಸ್ತಪ್ರತಿಯಾಗಿಯೇ ಉಳಿಯಿತು. ಅವುಗಳೊಳಗೊಂದರ ಕಥೆ ವಿಚಿತ್ರವಾಗಿದೆ. 1828ರಲ್ಲಿ ತಾನು ಈಸ್ಟರ್ ಹಬ್ಬದ ಸೊನಾಟವೊಂದನ್ನು ರಚಿಸಿರುವುದಾಗಿ ಆಕೆಯ ಬರಹಗಳಲ್ಲಿ ಉಲ್ಲೇಖವಿದ್ದರೂ ಕೃತಿಯು ಸಿಕ್ಕಿರಲಿಲ್ಲ. 1970ರಲ್ಲಿ ಪ್ಯಾರಿಸ್ಸಿನಲ್ಲಿ ಆ ಹೆಸರಿನ ಹಸ್ತಪ್ರತಿಯೊಂದು ದೊರೆಯಿತು. ಅದರ ಮೇಲಿದ್ದುದು ‘ಎಫ್. ಮೆಂಡೆಲ್ಸನ್’ ಎಂದಷ್ಟೇ. ರಚನೆಯ ಪ್ರೌಢಿಮೆಯನ್ನು ಕಂಡವರು ಅದನ್ನು ಫೆಲಿಕ್ಸನದೆಂದೇ ಸಾರಿದರು. 2010ರಲ್ಲಿ ಆಂಜೆಲಾ ಮೇಸ್ ಎಂಬ ಅಮೆರಿಕದ ಸಂಶೋಧಕಿ ಮೂಲವನ್ನು ಪರೀಕ್ಷಿಸಿ, ಅಕ್ಷರವು ಫ್ಯಾನಿಯದೆಂದೂ, ಹಾಳೆಗಳ ಸಂಖ್ಯೆಗಳು ಆಕೆಯ ಪುಸ್ತಕವೊಂದರಲ್ಲಿ ಕಾಣೆಯಾಗಿದ್ದ ಹಾಳೆಗಳಿಗೆ ಸರಿಹೊಂದುವುವೆಂದೂ ತೋರಿಸಿದಳು. 2017ನೆಯ ಮಾರ್ಚ್ 8ರಂದು ಲಂಡನ್ನಿನಲ್ಲಿ ಅದು ಆಕೆಯ ಹೆಸರಿನಿಂದಲೇ ಸಭೆಯಲ್ಲಿ ಮೊಳಗಿತು.

ಆಬ್ರಹಾಮನು ಮಗಳಿಗೆ ಏನನ್ನೂ ಕಡಿಮೆ ಮಾಡಿದವನಲ್ಲ. ಗುರುಗಳನ್ನು ಕೊಟ್ಟನು, ವಾದ್ಯವನ್ನು ಕೊಟ್ಟನು, ಮನೆಯನ್ನು ಕೊಟ್ಟನು. ಹೊಸ್ತಿಲನ್ನು ದಾಟುವ ಅನುಮತಿಯೊಂದನ್ನು ಕೊಡಲಿಲ್ಲ. ಆಭರಣವೆಂದು ಕಲಿಸಿದ ವಿದ್ಯೆ ಆಕೆಗೆ ಉಸಿರಾಗಿದ್ದಿತೆಂಬುದು ಆ ಪ್ರೀತಿಯ ತಂದೆಗೆ ಕೊನೆಯವರೆಗೂ ಹೊಳೆಯಲಿಲ್ಲ. ಹೆಣ್ಣುಮಕ್ಕಳಿಗೆ ಸಂಗೀತವನ್ನು ಕಲಿಸುವ ಮನೆಗಳು ಲೋಕದಲ್ಲಿ ಅನೇಕವಿವೆ. ಕಲಿತ ಮಗು ಮುಂದೊಂದು ದಿನ ಅದನ್ನು ತನ್ನದೆಂದು ಕೇಳಿದರೆ ಉತ್ತರವೇನೆಂಬುದನ್ನು, ಮೊದಲ ಪಾಠದ ದಿನವೇ ಹಿರಿಯರು ಯೋಚಿಸಿಕೊಂಡಿರುವುದು ಒಳ್ಳೆಯದು.